ಟೆಕ್ಸಾಸ್‌ನಲ್ಲಿ ಸೊಂಟಕ್ಕೆ ಪಿಸ್ತೂಲು: ಲೈಸೆನ್ಸ್ ಬೇಡ ಅಂದಮೇಲೆ ನಮಗೆ ಗೊತ್ತಿರಬೇಕಾದ್ದು ಏನು?

ಡಾಲಸ್ ಮೈಸೂರಿಗ:

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ಈ ಸಲ ಗಣೇಶನ ಹಬ್ಬಕ್ಕೆ ನಮ್ಮ ಸಂಘದವರು ಒಂದು ಹಾಲ್ ಬಾಡಿಗೆಗೆ ತಗೊಂಡಿದ್ವಿ. ಮಂಗಳಾರತಿ ಆಗಿ ಊಟಕ್ಕೆ ಸಾಲು ನಿಂತಿದ್ವಿ. ನನ್ನ ಮುಂದೆ ನಿಂತಿದ್ದವರು ಕೋಸಂಬರಿ ಬಡಿಸಿಕೊಳ್ಳೋಕೆ ಬಗ್ಗಿದಾಗ ಜುಬ್ಬ ಮೇಲೆ ಸರೀತು. ಬಲಗಡೆ ಸೊಂಟದಲ್ಲಿ ಕಪ್ಪು ಹೋಲ್‌ಸ್ಟರ್, ಅದರೊಳಗೆ ಪಿಸ್ತೂಲು. ನನ್ನ ಏಳು ವರ್ಷದ ಮಗಳ ಕಣ್ಣಿಗೆ ಸರಿಯಾಗಿ ಅದೇ ಎತ್ತರ. ಅವಳು ನೋಡಿದಳು, ನನ್ನ ಮುಖ ನೋಡಿದಳು. ನಾನು ಏನೂ ಹೇಳಲಿಲ್ಲ, ಅವಳ ಭುಜ ಹಿಡಿದು ಈ ಕಡೆ ಎಳ್ಕೊಂಡೆ ಅಷ್ಟೆ.

ಆ ಮನುಷ್ಯ ಒಳ್ಳೆಯವರು. ಪ್ರತಿ ಕಾರ್ಯಕ್ರಮದಲ್ಲೂ ಕುರ್ಚಿ ಹಾಕೋದರಿಂದ ಹಿಡಿದು ಕಸ ಎತ್ತೋವರೆಗೆ ಇರ್ತಾರೆ. ಆಮೇಲೆ ಕಮಿಟಿ ವಾಟ್ಸಾಪ್ ಗುಂಪಿನಲ್ಲಿ ಮಾತು ಎದ್ದಾಗ ಅರ್ಧ ಜನ "ಇದು ಟೆಕ್ಸಾಸ್, ಕಾನೂನು ಬಿಟ್ಟಿದೆ" ಅಂದ್ರು, ಇನ್ನರ್ಧ ಜನ "ದೇವರ ಮುಂದೆ ಇದೇನು" ಅಂದ್ರು. ಕಾನೂನು ನಿಜವಾಗಿ ಏನು ಹೇಳುತ್ತೆ ಅಂತ ಯಾರಿಗೂ ಗೊತ್ತಿರಲಿಲ್ಲ. ನನಗೂ ಇಲ್ಲ. ನವೆಂಬರ್‌ನಲ್ಲಿ ರಾಜ್ಯೋತ್ಸವ ಬರ್ತಿದೆ, ಅಷ್ಟರಲ್ಲಿ ತೀರ್ಮಾನ ಆಗಬೇಕು. ಬಾಗಿಲಿಗೆ ಬೋರ್ಡ್ ಹಾಕಬಹುದಾ? ಹಾಕಿದರೆ ಅದಕ್ಕೆ ಬೆಲೆ ಇದೆಯಾ? ತಿಳಿದವರು ಹೇಳಿ.

---

ಹಳೇ ಹ್ಯೂಸ್ಟನಿಗ:

ನಾನು 1989ರಲ್ಲಿ ಇಲ್ಲಿಗೆ ಬಂದವನು. ಹೊಸಬರಿಗೆ ಒಂದು ವಿಷಯ ಹೇಳಿದರೆ ನಂಬುವುದಿಲ್ಲ: ನಾನು ಬಂದಾಗ ಪಿಸ್ತೂಲು ಕಟ್ಟಿಕೊಂಡು ಬೀದಿಯಲ್ಲಿ ತಿರುಗುವುದು ಟೆಕ್ಸಾಸ್‌ನಲ್ಲಿ ಅಪರಾಧವಾಗಿತ್ತು. ಬಚ್ಚಿಟ್ಟುಕೊಂಡರೂ ಅಪರಾಧ, ಕಾಣುವಂತೆ ಇಟ್ಟರೂ ಅಪರಾಧ. ಆ ನಿಷೇಧ 1871ರದ್ದು. ಕೌಬಾಯ್ ಕಾಲದ್ದು ಎಂದು ನಾವು ಅಂದುಕೊಳ್ಳುವ ದಿನಗಳಲ್ಲೇ ಬಂದು, ನೂರಿಪ್ಪತ್ತು ವರ್ಷಕ್ಕೂ ಹೆಚ್ಚು ನಿಂತ ಕಾನೂನು. ಉದ್ದದ ಬಂದೂಕಿಗೆ ಆ ತಡೆ ಇರಲಿಲ್ಲ, ಕೈಬಂದೂಕಿಗೆ ಇತ್ತು.

ಬದಲಾವಣೆ ಶುರುವಾದದ್ದು 1991ರ ಅಕ್ಟೋಬರ್ 16ರಂದು. ಕಿಲೀನ್ ಎಂಬ ಊರಿನ ಲೂಬೀಸ್ ಕೆಫೆಟೀರಿಯಾ. ಮಧ್ಯಾಹ್ನದ ಊಟದ ಹೊತ್ತು. ಒಬ್ಬ ಪಿಕಪ್ ಟ್ರಕ್ಕನ್ನು ಗಾಜು ಒಡೆದು ಒಳಗೆ ನುಗ್ಗಿಸಿ 23 ಜನರನ್ನು ಕೊಂದ. ಸುಜಾನಾ ಹಪ್ ಎಂಬಾಕೆ ತಂದೆ ತಾಯಿ ಜೊತೆ ಊಟಕ್ಕೆ ಕೂತಿದ್ದರು. ಆಕೆಯ ರಿವಾಲ್ವರ್ ಹೊರಗೆ ಕಾರಿನಲ್ಲಿತ್ತು, ಕಾನೂನು ಮುರಿಯಬಾರದೆಂದು ಅಲ್ಲಿಯೇ ಬಿಟ್ಟು ಬಂದಿದ್ದರು. ತಂದೆ ತಾಯಿ ಇಬ್ಬರೂ ಹೋದರು. ಆಮೇಲೆ ಆಕೆ ಪಿಸ್ತೂಲು ಜೊತೆಗೆ ಒಯ್ಯುವ ಹಕ್ಕು ಬೇಕೆಂದು ಊರೂರು ತಿರುಗಿ ಸಾಕ್ಷಿ ಹೇಳಿದರು, 1996ರಲ್ಲಿ ಶಾಸಕಿಯೂ ಆದರು. ಆ ದಿನದ ಸುದ್ದಿ ಟಿವಿಯಲ್ಲಿ ನೋಡುತ್ತಾ ನಾನೂ ನನ್ನ ಹೆಂಡತಿಯೂ ಊಟದ ತಟ್ಟೆ ಮುಂದಿಟ್ಟುಕೊಂಡು ಹಾಗೇ ಕೂತಿದ್ದು ಇನ್ನೂ ನೆನಪಿದೆ.

1993ರಲ್ಲಿ ಮಸೂದೆ ಬಂತು, ಗವರ್ನರ್ ಆನ್ ರಿಚರ್ಡ್ಸ್ ತಡೆದರು. 1994ರ ಚುನಾವಣೆಯಲ್ಲಿ ಜಾರ್ಜ್ ಡಬ್ಲ್ಯೂ. ಬುಷ್ ಗೆದ್ದರು, 1995ರಲ್ಲಿ ಸಹಿ ಹಾಕಿದರು. 1996ರಿಂದ ತರಬೇತಿ ಮುಗಿಸಿ ಲೈಸೆನ್ಸ್ ಪಡೆದವರು ಬಟ್ಟೆಯೊಳಗೆ ಮುಚ್ಚಿಟ್ಟು ಒಯ್ಯಬಹುದಾಯಿತು. ಇಪ್ಪತ್ತು ವರ್ಷದ ನಂತರ, 2016ರ ಜನವರಿ 1ರಿಂದ, ಲೈಸೆನ್ಸ್ ಇದ್ದವರು ಕಾಣುವಂತೆಯೂ ಕಟ್ಟಿಕೊಳ್ಳಬಹುದು ಎಂದರು. 2021ರ ಸೆಪ್ಟೆಂಬರ್ 1ರಿಂದ ಲೈಸೆನ್ಸೇ ಬೇಡ ಎಂದರು. ಎಚ್‌ಬಿ 1927 ಎಂಬ ಮಸೂದೆಯಿಂದ ಬಂದ ಕಾನೂನು ಅದು. 2021ರಲ್ಲಿ ಬರೆದಂತೆ, ಇಪ್ಪತ್ತೊಂದು ತುಂಬಿದ, ಕಾನೂನಿನ ಪ್ರಕಾರ ಬಂದೂಕು ಹೊಂದಲು ಅಡ್ಡಿಯಿಲ್ಲದ ಯಾರೇ ಆಗಲಿ, ಕಾಣುವಂತೆ ಇಟ್ಟರೆ ಹೋಲ್‌ಸ್ಟರ್‌ನಲ್ಲಿರಬೇಕು, ಅಷ್ಟೇ.

ಹಪ್ ಅವರ ದುಃಖದ ಬಗ್ಗೆ ನನಗೆ ಎರಡು ಮಾತಿಲ್ಲ. ಆದರೆ ಆಕೆ ಕೇಳಿದ್ದಕ್ಕೆ 1995ರಲ್ಲಿ ಸಿಕ್ಕಿದ್ದು ತರಬೇತಿಯ ಜೊತೆಗಿನ ಹಕ್ಕು. 2021ರಲ್ಲಿ ಕೈಬಿಟ್ಟದ್ದು ಆ ತರಬೇತಿಯನ್ನು. ನನ್ನ ತಕರಾರು ಇರುವುದು ಅಲ್ಲಿ.

---

ಹುಬ್ಬಳ್ಳಿ ಖಾನಾವಳಿ:

ನಮಸ್ಕಾರ ರೀ. ನಾ ಹ್ಯೂಸ್ಟನ್ ಹೊರಗ ಒಂದು ಸಣ್ಣ ಖಾನಾವಳಿ ನಡಸ್ತೀನಿ. ರೊಟ್ಟಿ, ಎಣ್ಣಿಗಾಯಿ, ಝುಣಕ. ರಾತ್ರಿ ಹತ್ತೂವರಿಗೆ ಗಲ್ಲಾ ಎಣಿಸಿ ಬಾಗಲಾ ಹಾಕೂದು ನಾನ. ಹಿಂದಿನ ಬಾಗಲದಿಂದ ಕಾರಿನ ತನಕ ಅರವತ್ತು ಹೆಜ್ಜಿ. ಆ ಅರವತ್ತು ಹೆಜ್ಜಿಯೊಳಗ ಎರಡು ಸಲ ನನ್ನ ಹಿಂದ ಮಂದಿ ಬಂದಾರ. ಒಂದು ಸಲ ರೊಕ್ಕದ ಚೀಲ ಕೊಟ್ಟು ಬಂದೀನಿ. ಪೊಲೀಸರು ಬರೂದಕ್ಕ ಹದಿನಾಲ್ಕು ನಿಮಿಷ ಆತು. ಅದಕ್ಕ ನನ್ನ ಸೊಂಟದಾಗ ಪಿಸ್ತೂಲ್ ಐತಿ, ಮುಚ್ಚಿಟ್ಟು. ಇದನ್ನ ಮೊದಲ ಹೇಳಿಬಿಡ್ತೀನಿ, ಆಮ್ಯಾಲ ಮಾತು.

ಮೈಸೂರಿನವರ ಪ್ರಶ್ನೆಗೆ: ಬಾಗಲದಾಗ ಬೋರ್ಡ್ ಇರಲಿಲ್ಲಂದ್ರ, ಆ ಹಾಲ್ ಸಾಲಿ ಕೋರ್ಟು ಇಂಥಾ ಜಾಗಾ ಅಲ್ಲಂದ್ರ, ಅವರು ತಪ್ಪು ಮಾಡಿಲ್ಲ. ದೇವಸ್ಥಾನ ಚರ್ಚು ಮೊದಲು ನಿಷೇಧದ ಪಟ್ಟಿಯೊಳಗ ಇದ್ದವು. 2019ರಾಗ ಅದನ್ನ ತಗದು, ಬ್ಯಾಡಾ ಅನ್ನವರು ತಾವ ತಿಳಿಸಬೇಕು ಅಂದ್ರು.

ಆದ್ರ "ಟೆಕ್ಸಾಸ್‌ನಾಗ ಏನೂ ಕೇಳಂಗಿಲ್ಲ" ಅನ್ನೂದು ಪೂರಾ ಸುಳ್ಳು ರೀ. ಸಾಲಿ, ಮತಗಟ್ಟಿ, ಕೋರ್ಟು, ವಿಮಾನ ನಿಲ್ದಾಣದ ತಪಾಸಣಿ ದಾಟಿದ ಜಾಗಾ, ಕುದರಿ ಜೂಜಿನ ಮೈದಾನ, ಆಟದ ಪಂದ್ಯ ನಡಿಯೂ ಜಾಗಾ, ಇವೆಲ್ಲಾ ಬಂದ್. ಬಾರಿನ ಬಾಗಲಕ್ಕ ಕೆಂಪು ಅಕ್ಷರದಾಗ "51%" ಅಂತ ಬೋರ್ಡ್ ನೋಡೀರೇನು? ಆ ಅಂಗಡಿ ಗಳಿಕಿಯೊಳಗ ಅರ್ಧಕ್ಕಿಂತ ಹೆಚ್ಚು ಅಲ್ಲೇ ಕುಡಿಯೂ ಶೆರೆಯಿಂದ ಬರ್ತದ ಅಂತ ಅರ್ಥ. ಅದರೊಳಗ ಲೈಸೆನ್ಸ್ ಇದ್ದವನೂ ಒಯ್ಯಂಗಿಲ್ಲ. ಹೊರಗ ಬೀದಿಯೊಳಗ ಕುಡದ ನಶೆಯಾಗ ಪಿಸ್ತೂಲ್ ಇಟ್ಟುಕೊಂಡ್ರ ಅಪರಾಧ. ಹಿಂದಿನ ಐದು ವರ್ಷದಾಗ ಹೊಡೆದಾಟ, ಜೀವ ಬೆದರಿಕಿ ಇಂಥಾ ಕೆಲವು ಕೇಸಿನಾಗ ಶಿಕ್ಷಾ ಆಗಿದ್ರ ಲೈಸೆನ್ಸ್ ಇಲ್ಲದ ಒಯ್ಯಂಗಿಲ್ಲ. ಮಂದಿ ಹೆದರಲಿ ಅಂತ ಬೇಕಂತ ತೋರಿಸಿದ್ರೂ ಕೇಸ್.

ಈಗ ಲೈಸೆನ್ಸ್ ಬ್ಯಾಡ ಅಂತ ಕಾನೂನ ಹೇಳಿದ್ರೂ ನಾ ಹೋದ ವರ್ಷ ನವೀಕರಣ ಮಾಡಿಸಿದೆ. ಯಾಕಂದ್ರ ಹೇಳ್ತೀನಿ. ಫೆಡರಲ್, ಅಂದ್ರ ಅಮೆರಿಕದ ಕೇಂದ್ರ ಸರಕಾರದ, ಕಾನೂನ ಒಂದೈತಿ, ಸಾಲಿಯಿಂದ ಸಾವಿರ ಅಡಿಯೊಳಗ ಬಂದೂಕು ಇರಬಾರದು. ರಾಜ್ಯದ ಲೈಸೆನ್ಸ್ ಇದ್ದವರಿಗೆ ಅದರಾಗ ವಿನಾಯಿತಿ. ಲೈಸೆನ್ಸ್ ಇಲ್ಲದ ಸೊಂಟಕ್ಕ ಕಟ್ಟಿಕೊಂಡು ಅಡ್ಡಾಡವರಿಗೆ ಅದು ಇಲ್ಲ. ನೀವ ಹೇಳ್ರಿ, ಯಾವ ಊರಾಗ ಸಾವಿರ ಅಡಿಯೊಳಗ ಸಾಲಿ ಸಿಗೂದಿಲ್ಲ? ಟೆಕ್ಸಾಸ್ ಸರಕಾರ ಬಿಟ್ಟದ್ದು ಟೆಕ್ಸಾಸ್ ಕಾನೂನಷ್ಟ, ವಾಷಿಂಗ್ಟನ್ ಕಾನೂನು ಹಂಗ ನಿಂತೈತಿ.

---

ಐದನೇ ವರ್ಷದ ಎಚ್‌1ಬಿ:

ಮಧ್ಯೆ ಬರ್ತಿರೋದಕ್ಕೆ ಕ್ಷಮಿಸಿ. ನಾನು ಎಚ್‌1ಬಿ ಕೆಲಸದ ವೀಸಾ ಮೇಲಿದ್ದೀನಿ, ಗ್ರೀನ್ ಕಾರ್ಡ್‌ಗೆ ಹಾಕಿ ಕ್ಯೂನಲ್ಲಿದ್ದೀನಿ. ನಮ್ಮ ಟೀಮಿನವರು ಬರೋ ಭಾನುವಾರ ಶೂಟಿಂಗ್ ರೇಂಜ್‌ಗೆ ಕರೀತಿದ್ದಾರೆ. ಅವರದೇ ಪಿಸ್ತೂಲು, ನಾನು ಸುಮ್ಮನೆ ಹತ್ತು ಗುಂಡು ಹೊಡೆದು ಬರೋದು. ನಾನೇನೂ ಕೊಳ್ತಿಲ್ಲ. ಇದರಲ್ಲಿ ತೊಂದರೆ ಏನಿರಲ್ಲ ಅಲ್ವಾ? ಲೈಸೆನ್ಸೇ ಬೇಡ ಅಂತಾದ ಮೇಲೆ ನಮಗೂ ಅನ್ವಯ ಆಗುತ್ತೆ ಅಂತ ಅಂದುಕೊಂಡಿದ್ದೆ.

---

ಮಲ್ಲೇಶ್ವರದವಳು:

ಹೋಗಬೇಡಿ. ಮೊದಲು ಅದನ್ನ ಹೇಳಿ ಆಮೇಲೆ ವಿವರ ಬರೀತೀನಿ. ದಯವಿಟ್ಟು ಹೋಗಬೇಡಿ.

ನಾನು ಎಂಟು ವರ್ಷದಿಂದ ಒಂದು ಇಮಿಗ್ರೇಷನ್ ಲಾಯರ್ ಆಫೀಸಿನಲ್ಲಿ ಕೆಲಸ ಮಾಡ್ತಿದ್ದೀನಿ. ಈ ಪ್ರಶ್ನೆ ನಮ್ಮ ಹುಡುಗರು ಕೇಳೋದೇ ಇಲ್ಲ, ಅದೇ ನನ್ನ ಸಂಕಟ. ಕೇಳೋದು ಆದ ಮೇಲೆ.

ಫೆಡರಲ್ ಕಾನೂನಿನ ಪ್ರಕಾರ ತಾತ್ಕಾಲಿಕ ವೀಸಾ ಮೇಲೆ ಬಂದಿರೋರು ಬಂದೂಕನ್ನಾಗಲಿ, ಗುಂಡನ್ನಾಗಲಿ ಹೊಂದೋ ಹಾಗಿಲ್ಲ. ಎಚ್‌1ಬಿ, ಎಚ್‌4, ಎಲ್‌1, ಓದೋಕೆ ಬಂದವರ ಎಫ್‌1, ನೋಡೋಕೆ ಬಂದ ಅಪ್ಪ ಅಮ್ಮನ ಬಿ2, ಎಲ್ಲ ಇದರೊಳಗೆ ಬರುತ್ತೆ. "ಹೊಂದೋದು" ಅಂದರೆ ಕೊಳ್ಳೋದು ಮಾತ್ರ ಅಲ್ಲ, ಕೈಯಲ್ಲಿ ಹಿಡಿಯೋದೂ ಸೇರುತ್ತೆ. ರೇಂಜ್‌ನಲ್ಲಿ ಹತ್ತು ನಿಮಿಷ ಹಿಡಿದರೂ ಅದು ಹಿಡಿದದ್ದೇ. ಗರಿಷ್ಠ ಶಿಕ್ಷೆ ಮೊದಲು ಹತ್ತು ವರ್ಷ ಇತ್ತು, 2022ರಿಂದ ಹದಿನೈದು ವರ್ಷ. ಶಿಕ್ಷೆ ಆದರೆ ಗಡಿಪಾರಿಗೂ ಅದೇ ಕಾರಣ ಸಾಕು. ಕ್ಯೂನಲ್ಲಿರೋದು ಲೆಕ್ಕಕ್ಕಿಲ್ಲ. ಕಾರ್ಡ್ ಆಗೋವರೆಗೆ ನೀವು ವೀಸಾದವರೇ.

ಎಚ್‌ಬಿ 1927 ಓದಿದರೂ ಅಲ್ಲೇ ಇದೆ: ಕಾನೂನಿನ ಪ್ರಕಾರ ಬಂದೂಕು ಹೊಂದಲು ಅಡ್ಡಿಯಿಲ್ಲದವರಿಗೆ ಮಾತ್ರ. ನಮಗೆ ಅಡ್ಡಿ ಇದೆ. ಟೆಕ್ಸಾಸ್ ಎಷ್ಟೇ ಬಾಗಿಲು ತೆರೆದರೂ ಅದು ನಮ್ಮ ಮನೆ ಬಾಗಿಲಲ್ಲ.

ಒಂದು ವಿನಾಯಿತಿ ಇದೆ, ಯಾರಾದರೂ ಹೇಳೇ ಹೇಳ್ತಾರೆ, ನಾನೇ ಹೇಳಿಬಿಡ್ತೀನಿ. ಅಮೆರಿಕದ ಯಾವುದಾದರೂ ರಾಜ್ಯ ಕೊಟ್ಟ, ಅವಧಿ ಮುಗಿಯದ ಬೇಟೆ ಲೈಸೆನ್ಸ್ ಇದ್ದರೆ ಈ ನಿಷೇಧ ಅನ್ವಯಿಸಲ್ಲ. ಅದು ನಿಜ. ಆದರೆ ಅಂತರ್ಜಾಲದಲ್ಲಿ ಓದಿ ಹೋಗಿ ಬೇಟೆ ಲೈಸೆನ್ಸ್ ತಗೊಂಡು ಬಂದು ನಾಳೆ ಪಿಸ್ತೂಲು ಕಟ್ಟಿಕೊಂಡು ಓಡಾಡೋದಲ್ಲ. ನಮ್ಮಲ್ಲಿ ಎಷ್ಟೋ ಸಂಸಾರ ಹನ್ನೆರಡು ವರ್ಷ ಕ್ಯೂನಲ್ಲಿ ನಿಂತಿವೆ, ಇಲ್ಲೇ ಹುಟ್ಟಿದ ಮಕ್ಕಳಿದ್ದಾರೆ. ನಿಮ್ಮ ಲಾಯರ್‌ಗೆ ಒಂದು ಫೋನ್ ಮಾಡದೆ ಆ ದಾರಿಗೆ ಕಾಲಿಡಬೇಡಿ.

ಇನ್ನೊಂದು. ಓದೋಕೆ ಬಂದಿರೋ ಹುಡುಗರು ನಾಲ್ಕು ಜನ ಸೇರಿ ಮನೆ ಮಾಡ್ತಾರೆ. ಅದರಲ್ಲಿ ಒಬ್ಬ ಇಲ್ಲೇ ಹುಟ್ಟಿದವನು, ಅವನ ಪಿಸ್ತೂಲು ಹಾಲ್‌ನ ಡ್ರಾಯರ್‌ನಲ್ಲಿ, ಬೀಗ ಇಲ್ಲದೆ. ಅವನಿಗೆ ಅದು ತಪ್ಪಲ್ಲ. ಉಳಿದ ಮೂವರಿಗೆ "ಎಲ್ಲರ ಕೈಗೆ ಸಿಗೋ ಹಾಗಿತ್ತು" ಅನ್ನೋದೇ ಮುಳುವಾಗಬಹುದು. ಅವನ ಕೋಣೆಯಲ್ಲಿ, ಅವನ ಬೀಗದಲ್ಲಿ ಇರಲಿ ಅಂತ ಮುಲಾಜಿಲ್ಲದೆ ಹೇಳಿ.

---

ಐದನೇ ವರ್ಷದ ಎಚ್‌1ಬಿ:

ಅಕ್ಕಾ, ಕೈ ನಡುಗ್ತಿದೆ ಓದಿ. ಹೋದ ವರ್ಷ ಥ್ಯಾಂಕ್ಸ್‌ಗಿವಿಂಗ್‌ಗೆ ಒಬ್ಬರ ತೋಟದಲ್ಲಿ ಡಬ್ಬಿಗಳನ್ನ ಇಟ್ಟು ಹೊಡೆಯೋದರಲ್ಲಿ ನಾನೂ ಇದ್ದೆ. ಫೋಟೋ ಫೇಸ್‌ಬುಕ್‌ಗೂ ಹಾಕಿದ್ದೆ. ಭಾನುವಾರ ಹೋಗಲ್ಲ. ಆ ಫೋಟೋ ತೆಗೆದುಬಿಡಲಾ?

---

ಮಲ್ಲೇಶ್ವರದವಳು:

ತಮ್ಮಾ, ಇನ್ನು ಇಲ್ಲಿ ಅದರ ಬಗ್ಗೆ ಒಂದಕ್ಷರ ಬರೀಬೇಡ. ತೆಗೆಯೋದಾ ಬಿಡೋದಾ ಅನ್ನೋದನ್ನೂ ನೀನೇ ನಿರ್ಧಾರ ಮಾಡಬೇಡ. ನಾಳೆ ಬೆಳಗ್ಗೆ ನಿನ್ನ ಲಾಯರ್‌ಗೆ ಫೋನ್ ಮಾಡಿ ಎಲ್ಲ ಇದ್ದದ್ದು ಇದ್ದ ಹಾಗೆ ಹೇಳು. ಲಾಯರ್ ಹತ್ತಿರ ಹೇಳಿದ್ದು ಅವರ ಹತ್ತಿರವೇ ಇರುತ್ತೆ, ಇಲ್ಲಿ ಹೇಳಿದ್ದು ಊರಿಗೆಲ್ಲ ಗೊತ್ತಾಗುತ್ತೆ. ಧೈರ್ಯವಾಗಿರು.

---

ಕೊಡಗಿನ ಮಗಳು:

ನಾನು ಮಡಿಕೇರಿ ಕಡೆಯವಳು, ಈಗ ಸ್ಯಾನ್ ಆಂಟೋನಿಯೊದಲ್ಲಿದ್ದೇನೆ. ಇಲ್ಲಿ ನನ್ನ ಹಿನ್ನೆಲೆ ಹೇಳಿದ ತಕ್ಷಣ "ನಿಮ್ಮೂರಲ್ಲೂ ಲೈಸೆನ್ಸ್ ಇಲ್ಲದೆ ಬಂದೂಕು ಇಟ್ಟುಕೊಳ್ಳುತ್ತೀರಲ್ಲ, ಟೆಕ್ಸಾಸ್ ಥರಾನೇ" ಅನ್ನುತ್ತಾರೆ. ಅದು ಹಾಗಲ್ಲ ಅನ್ನೋದನ್ನು ಒಂದು ಸಲ ಕೂತು ಬರೆಯಬೇಕು ಅಂತಿದ್ದೆ.

ಕೊಡವರಿಗೂ ಜಮ್ಮಾ ಎಂಬ ವಂಶಪಾರಂಪರ್ಯ ಜಮೀನಿನ ಹಿಡುವಳಿದಾರರಿಗೂ ಕೋವಿ ಇಟ್ಟುಕೊಳ್ಳಲು ಲೈಸೆನ್ಸ್‌ನಿಂದ ವಿನಾಯಿತಿ ಇದೆ. 1861ರಲ್ಲಿ ಬ್ರಿಟಿಷ್ ಕಮಿಷನರ್ ಮಾರ್ಕ್ ಕಬ್ಬನ್ ಕೊಟ್ಟದ್ದು, ಸ್ವಾತಂತ್ರ್ಯದ ನಂತರವೂ ಉಳಿಯಿತು. 2019ರಲ್ಲಿ ಕೇಂದ್ರ ಸರ್ಕಾರ 2029ರ ಅಕ್ಟೋಬರ್ 31ರವರೆಗೆ ಮುಂದುವರಿಸಿತು. ಅದನ್ನು ಪ್ರಶ್ನಿಸಿದ ಅರ್ಜಿಯನ್ನು ಕರ್ನಾಟಕ ಹೈಕೋರ್ಟ್ 2021ರ ಸೆಪ್ಟೆಂಬರ್‌ನಲ್ಲಿ ತಳ್ಳಿಹಾಕಿತು. ಎಚ್‌ಬಿ 1927 ಜಾರಿಗೆ ಬಂದದ್ದೂ ಅದೇ ತಿಂಗಳು. ನಮ್ಮ ವಿನಾಯಿತಿ ಇರೋದು ಉದ್ದದ ಕೋವಿಗೆ. ಪಿಸ್ತೂಲನ್ನು ಸೊಂಟಕ್ಕೆ ಕಟ್ಟಿಕೊಂಡು ಮಡಿಕೇರಿ ಪೇಟೆಯಲ್ಲಿ ತರಕಾರಿ ತರುವುದಕ್ಕಲ್ಲ.

ನಮ್ಮ ಆಯುಧ ಪೂಜೆಯ ಹಬ್ಬ ಕೈಲ್ ಪೊಳ್ದ್ ದಿನ ನೆನಪಾಗುತ್ತಿದೆ. ಹಿಂದಿನ ದಿನವೇ ಅಪ್ಪ ಕೋವಿ ಬಿಚ್ಚಿ ನಳಿಗೆಗೆ ಎಣ್ಣೆ ಬಟ್ಟೆ ಎಳೆದು ಸ್ವಚ್ಛ ಮಾಡುತ್ತಿದ್ದರು. ನಾವು ಮಕ್ಕಳು ಸುತ್ತ ಕೂತು ನೋಡಬಹುದು, ಮುಟ್ಟುವ ಹಾಗಿಲ್ಲ. ಬೆಳಿಗ್ಗೆ ಕನ್ನಿಕೊಂಬರೆ ಅನ್ನುವ ದೇವರ ಕೋಣೆಯಲ್ಲಿ ಇಟ್ಟು, ನಳಿಗೆಗೆ ತೋಕ್ ಪೂ, ಅಂದರೆ ಕೋವಿ ಹೂವು, ಸಿಕ್ಕಿಸಿ, ಗಂಧ ಹಚ್ಚಿ ಪೂಜೆ. ಆಮೇಲೆ ಹಿರಿಯರು ತೆಗೆದು ಕೈಗೆ ಕೊಡಬೇಕು. ನನಗೆ ಹದಿನಾರು ಆದಾಗ ದೊಡ್ಡಪ್ಪ ಕೊಟ್ಟರು. ತೆಂಗಿನಕಾಯಿಗೆ ಗುಂಡು ಹೊಡೆಯುವ ಪಂದ್ಯಕ್ಕೆ ಮೊದಲು ಅವರು ಹೇಳಿದ್ದು ಒಂದೇ, "ಬಾಯಿ ಯಾವ ಕಡೆ ಇದೆ ನೋಡ್ಕೋ." ಕೋವಿಯ ಬಾಯಿ. ಅವತ್ತು ಇಡೀ ದಿನ ಅವರು ನನ್ನ ಬಲಗಡೆ ಒಂದು ಹೆಜ್ಜೆ ಹಿಂದೆಯೇ ನಿಂತಿದ್ದರು.

ಹಳೇ ಹ್ಯೂಸ್ಟನಿಗರು ಹೇಳಿದ ತರಬೇತಿ ಅಂದರೆ ನನಗೆ ಅದೇ. ಲೈಸೆನ್ಸ್ ಕಾಗದ ನಮ್ಮಲ್ಲೂ ಇಲ್ಲ, ಆದರೆ ದೊಡ್ಡಪ್ಪ ಇದ್ದರು. ಇಲ್ಲಿ ಕಾಗದವನ್ನು ತೆಗೆದರು, ದೊಡ್ಡಪ್ಪನ ಜಾಗದಲ್ಲಿ ಯಾರನ್ನೂ ನಿಲ್ಲಿಸಲಿಲ್ಲ.

---

ಹುಬ್ಬಳ್ಳಿ ಖಾನಾವಳಿ:

ತಂಗಿ, ಭಾಳ ಚಲೋ ಬರದೀ. ನಾ ಲೈಸೆನ್ಸ್ ಕ್ಲಾಸ್‌ದಾಗ ಕಲತದ್ದು ಇಲ್ಲಿ ಹಾಕ್ತೀನಿ, ಯಾರಿಗರೆ ಉಪಯೋಗ ಆಗಲಿ.

ಕ್ಲಾಸ್ ನಾಲ್ಕರಿಂದ ಆರು ತಾಸು. ಆಮ್ಯಾಲ ಗುರಿ ಪರೀಕ್ಷಾ: ಐವತ್ತು ಗುಂಡು. ಮೂರು ಗಜದಿಂದ ಇಪ್ಪತ್ತು, ಏಳು ಗಜದಿಂದ ಇಪ್ಪತ್ತು, ಹದಿನೈದು ಗಜದಿಂದ ಹತ್ತು. 250ಕ್ಕ 175 ಬರಬೇಕು. ಅರ್ಜಿ ಫೀ ಮೊದಲು 140 ಡಾಲರ್ ಇತ್ತು, 2017ರಾಗ 40ಕ್ಕ ಇಳಿಸಿದ್ರು. ರೊಕ್ಕ ನೆಪ ಅಲ್ಲ ಈಗ. ಗ್ರೀನ್ ಕಾರ್ಡ್ ಇದ್ದವರಿಗೂ ಕೊಡ್ತಾರ.

ಗುರಿ ಹೊಡೆಯೂದು ಕ್ಲಾಸಿನಾಗಿನ ಸಣ್ಣ ಭಾಗ ರೀ. ನನ್ನ ಮಾಸ್ತರ ಒಬ್ಬ ಹಳೇ ಪೊಲೀಸ್. ಅರ್ಧ ದಿನ ಆತ ಹೇಳಿದ್ದು ಜಗಳಾ ಹೆಂಗ ಬಿಡಿಸಿಕೊಂಡು ಬರೂದು, ಯಾವಾಗ ಪಿಸ್ತೂಲ್ ತಗೀಬಾರದು ಅಂತ. ಒಂದು ಮಾತು ನಂಗ ಹಂಗ ಕುಂತೈತಿ: ಪಾರ್ಕಿಂಗ್ ಜಾಗಾಕ್ಕ ಜಗಳಾ ಆದ್ರ ಪಿಸ್ತೂಲ್ ಇದ್ದವನ ಮೊದಲು ಕ್ಷಮಾ ಕೇಳಬೇಕು. ಅದು ನನಗ ಖರೇನ ಬದಲು ಮಾಡ್ತು. ಮೊದಲ ಸಿಟ್ಟಿನ ಮನುಷ್ಯಾ ನಾ.

ಪೊಲೀಸರು ಕಾರ್ ನಿಲ್ಲಿಸಿದ್ರ: ಒಳಗಿನ ಲೈಟ್ ಹಾಕ್ರಿ, ಎರಡೂ ಕೈ ಸ್ಟೇರಿಂಗ್ ಮ್ಯಾಲ. ಐಡಿ ಕೇಳಿದಾಗ, ಲೈಸೆನ್ಸ್ ಇದ್ದು ಪಿಸ್ತೂಲ್ ಜೋಡಿ ಇದ್ರ, ಡ್ರೈವಿಂಗ್ ಲೈಸೆನ್ಸ್ ಜೋಡಿ ಅದನ್ನೂ ತೋರಿಸಬೇಕು. ಪಿಸ್ತೂಲ್ ಇರೂ ಕಪಾಟಿನಾಗ ಕಾರಿನ ಕಾಗದಾ ಇಡಬ್ಯಾಡ್ರಿ. ಕಾಗದಾ ತಗಿಯಾಕ ಕೈ ಹಾಕೂ ಹೊತ್ತಿಗೆ ಅಲ್ಲಿ ಪಿಸ್ತೂಲ್ ಕಂಡ್ರ ಅವರ ಎದಿನೂ ಹೊಡಕೊಂತೈತಿ, ನಿಮ್ಮದೂ.

---

ಆಸ್ಟಿನ್ ಮೇಷ್ಟ್ರು:

ವಿಶ್ವವಿದ್ಯಾಲಯದಲ್ಲಿ ಪಾಠ ಮಾಡುವವನಾಗಿ ಒಂದೆರಡು ಮಾತು.

1966ರ ಆಗಸ್ಟ್ 1ರಂದು ಆಸ್ಟಿನ್‌ನ ಟೆಕ್ಸಾಸ್ ವಿಶ್ವವಿದ್ಯಾಲಯದ ಗೋಪುರದ ಮೇಲಿಂದ ಒಬ್ಬ ಗುಂಡು ಹಾರಿಸಿ ಹಲವರನ್ನು ಕೊಂದ. ಸರಿಯಾಗಿ ಐವತ್ತು ವರ್ಷಕ್ಕೆ, 2016ರ ಆಗಸ್ಟ್ 1ರಂದು, ಸರ್ಕಾರಿ ವಿಶ್ವವಿದ್ಯಾಲಯಗಳ ಆವರಣದಲ್ಲಿ ಪಿಸ್ತೂಲು ಒಯ್ಯಬಹುದೆಂಬ ಕಾನೂನು ಜಾರಿಗೆ ಬಂತು. ಆ ದಿನಾಂಕ ನಮ್ಮಲ್ಲಿ ಅನೇಕರಿಗೆ ಇವತ್ತಿಗೂ ನೋವು. ಆವರಣದೊಳಗೆ ಈಗಲೂ ಲೈಸೆನ್ಸ್ ಬೇಕೇ ಬೇಕು, ಮುಚ್ಚಿಟ್ಟೇ ಇರಬೇಕು. 2021ರ ಕಾನೂನು ಇದನ್ನು ಬದಲಿಸಿಲ್ಲ. ಊರಿನಿಂದ ಓದಲು ಬರುವ ಮಕ್ಕಳಿಗೆ ಪೋಷಕರು ಇದನ್ನು ತಿಳಿಸಿ.

ಕಾಣುವಂತೆ ಕಟ್ಟಿಕೊಳ್ಳುವುದರ ಬಗ್ಗೆ ನನ್ನ ಅಭಿಪ್ರಾಯ ಗಟ್ಟಿಯಾದದ್ದು 2016ರ ಜುಲೈ 7ರಂದು. ಡಾಲಸ್‌ನಲ್ಲಿ ಮೆರವಣಿಗೆ ಕಾಯುತ್ತಿದ್ದ ಪೊಲೀಸರ ಮೇಲೆ ಒಬ್ಬ ಗುಂಡು ಹಾರಿಸಿ ಐವರನ್ನು ಕೊಂದ. ಮೆರವಣಿಗೆಯಲ್ಲಿ ಹಲವರು ಕಾನೂನುಬದ್ಧವಾಗಿಯೇ ಹೆಗಲಿಗೆ ರೈಫಲ್ ಹಾಕಿಕೊಂಡು ಬಂದಿದ್ದರು. ಗುಂಡು ಶುರುವಾದಾಗ ಅವರೂ ಓಡಿದರು. ಯಾರು ಕೊಲೆಗಾರ, ಯಾರು ಮೆರವಣಿಗೆಯವ ಎಂದು ಪೊಲೀಸರು ಹೇಗೆ ತಿಳಿಯಬೇಕು? ಏನೂ ಮಾಡದ ಒಬ್ಬನ ಫೋಟೋವನ್ನು ಪೊಲೀಸ್ ಇಲಾಖೆಯೇ ಶಂಕಿತನೆಂದು ಟ್ವಿಟರ್‌ನಲ್ಲಿ ಹಾಕಿತು. ಆತ ತಾನಾಗಿಯೇ ಹೋಗಿ ಬಂದೂಕು ಒಪ್ಪಿಸಿ ನಿರಪರಾಧಿ ಎಂದು ತೋರಿಸಿಕೊಳ್ಳಬೇಕಾಯಿತು. ಗಲಾಟೆಯ ಹೊತ್ತಿನಲ್ಲಿ ಒಳ್ಳೆಯವನ ಬಂದೂಕಿಗೆ ಬೇರೆ ಬಣ್ಣ ಇರುವುದಿಲ್ಲ. ಅದರಲ್ಲೂ ನಮ್ಮಂಥ ಮೈಬಣ್ಣದವರು, ಗಡ್ಡ ಬಿಟ್ಟವರು, ಉಚ್ಚಾರಣೆ ಬೇರೆ ಇರುವವರು ಇದನ್ನು ಎರಡು ಸಲ ಯೋಚಿಸಬೇಕು. ಇದು ಹೇಳಲು ಬೇಸರ, ಆದರೆ ಹೇಳದೆ ಇರಲಾರೆ.

---

ಮಂಗಳೂರು ಅಮ್ಮ:

ನಾವು ಡಾಲಸ್ ಪಕ್ಕದ ಅಲೆನ್ ಊರಿನ ಹತ್ತಿರ ಇರುವುದು. 2023ರ ಮೇ 6, ಶನಿವಾರ. ಅಲ್ಲಿನ ಔಟ್‌ಲೆಟ್ ಮಾಲ್‌ಗೆ ಹಿಂದಿನ ವಾರ ಮಗನಿಗೆ ಶೂ ತರಲು ಹೋಗಿದ್ದೆವು. ಆ ಶನಿವಾರ ಅಲ್ಲಿ ಒಬ್ಬ ಗುಂಡು ಹಾರಿಸಿದ, ಎಂಟು ಜನ ಹೋದರು. ಅವರಲ್ಲಿ ಒಬ್ಬಳು ತೆಲಂಗಾಣದಿಂದ ಬಂದು ಇಲ್ಲಿ ಎಂಜಿನಿಯರ್ ಆಗಿದ್ದ ಹುಡುಗಿ. ಅವಳ ಅಪ್ಪ ಅಮ್ಮ ಅಲ್ಲಿ ಫೋನ್ ಹಿಡಿದುಕೊಂಡು ಹೇಗೆ ಕೂತಿದ್ದಾರೋ ಅಂತ ನನಗೆ ಎಷ್ಟೋ ದಿನ ನಿದ್ರೆ ಬರಲಿಲ್ಲ.

ಖಾನಾವಳಿ ಅಣ್ಣನ ಮೇಲೆ ನನಗೆ ಸಿಟ್ಟಿಲ್ಲ. ಅವರ ಅರವತ್ತು ಹೆಜ್ಜೆ ನಾನು ನಡೆದಿಲ್ಲ. ಅಲೆನ್‌ನಲ್ಲಿ ಆದದ್ದನ್ನು ಪಿಸ್ತೂಲು ಲೈಸೆನ್ಸ್ ತಡೆಯುತ್ತಿತ್ತು ಅಂತಲೂ ನಾನು ಹೇಳುವುದಿಲ್ಲ, ಅವನ ಕೈಯಲ್ಲಿ ರೈಫಲ್ ಇತ್ತು. ನನ್ನ ಹೆದರಿಕೆ ಮಾಲ್‌ಗಿಂತ ಹತ್ತಿರದ್ದು. ಮಗ ಆಡಲು ಹೋಗುವ ಮನೆ. ಅಲ್ಲಿ ಹಾಸಿಗೆ ಪಕ್ಕದ ಡ್ರಾಯರ್.

ಅದಕ್ಕೂ ಕಾನೂನು ಇದೆ, ತುಂಬ ಜನರಿಗೆ ಗೊತ್ತಿಲ್ಲ. ಹದಿನೇಳು ತುಂಬದ ಮಗುವಿನ ಕೈಗೆ ಗುಂಡು ತುಂಬಿದ ಬಂದೂಕು ಸಿಗುವಂತೆ ಬಿಟ್ಟರೆ ಟೆಕ್ಸಾಸ್‌ನಲ್ಲಿ ಅಪರಾಧ. ಮಗು ಅದನ್ನು ಹಾರಿಸಿ ಯಾರಿಗಾದರೂ ಗಂಭೀರ ಗಾಯವಾದರೆ, ಜೀವ ಹೋದರೆ, ಒಂದು ವರ್ಷದವರೆಗೆ ಜೈಲು. ಬೀಗದ ಪೆಟ್ಟಿಗೆ ಅಂಗಡಿಯಲ್ಲೇ ಸಿಗುತ್ತದೆ.

ಅದಕ್ಕೇ ನಾನು ಈಗ ಕೇಳುತ್ತೇನೆ. "ಮನೆಯಲ್ಲಿ ನಾಯಿ ಉಂಟಾ, ಈಜುಕೊಳ ಉಂಟಾ, ಬಂದೂಕು ಉಂಟಾ, ಇದ್ದರೆ ಬೀಗ ಹಾಕಿದ್ದೀರಾ" ಅಂತ ಒಂದೇ ಉಸಿರಿನಲ್ಲಿ. ಮೊದಲ ಸಲ ಕೇಳುವಾಗ ನಾಲಿಗೆ ತೊದಲಿತು. ಆ ತಾಯಿ ಹುಟ್ಟಾ ಟೆಕ್ಸಾಸ್‌ನವಳು. ಬೇಸರ ಮಾಡಿಕೊಳ್ಳಲಿಲ್ಲ, ಕೈ ಹಿಡಿದು ಒಳಗೆ ಕರೆದುಕೊಂಡು ಹೋಗಿ ಪೆಟ್ಟಿಗೆ ತೋರಿಸಿದಳು. ನಮ್ಮವರ ಮನೆಯಲ್ಲಿ ಕೇಳುವುದೇ ಹೆಚ್ಚು ಕಷ್ಟ.

---

ಹಳೇ ಹ್ಯೂಸ್ಟನಿಗ:

ಬೋರ್ಡಿನ ಪ್ರಶ್ನೆ ಉಳಿದಿದೆ, ಅದನ್ನು ಮುಗಿಸುತ್ತೇನೆ.

ಬಂದೂಕಿನ ಚಿತ್ರಕ್ಕೆ ಅಡ್ಡಗೆರೆ ಹಾಕಿ ಅಂಟಿಸಿದರೆ ಲೈಸೆನ್ಸ್ ಇದ್ದವರಿಗೆ ಅದು ಲೆಕ್ಕಕ್ಕೆ ಬರುವುದಿಲ್ಲ. ದಂಡ ಸಂಹಿತೆಯ ಕಲಂ ಸಂಖ್ಯೆಯಿಂದಲೇ ಆ ಬೋರ್ಡ್‌ಗಳಿಗೆ ಹೆಸರು: ಮುಚ್ಚಿಟ್ಟು ಒಯ್ಯುವ ಲೈಸೆನ್ಸ್‌ದಾರರಿಗೆ 30.06, ಕಾಣುವಂತೆ ಒಯ್ಯುವವರಿಗೆ 30.07, ಲೈಸೆನ್ಸ್ ಇಲ್ಲದವರಿಗೆ 30.05. 30.06 ಮತ್ತು 30.07ರ ವಾಕ್ಯ ಕಾನೂನಿನಲ್ಲಿರುವಂತೆಯೇ ಇರಬೇಕು. ಇಂಗ್ಲಿಷ್, ಸ್ಪ್ಯಾನಿಷ್ ಎರಡರಲ್ಲೂ ಇರಬೇಕು, ಅಕ್ಷರ ಒಂದು ಇಂಚಿಗೆ ಕಡಿಮೆ ಇರಬಾರದು, ಹಿನ್ನೆಲೆಗೆ ಎದ್ದು ಕಾಣುವ ಬಣ್ಣ ಬೇಕು. 30.07 ಪ್ರತಿ ಬಾಗಿಲಿಗೂ ಬೇಕು. ಬೋರ್ಡ್ ನೋಡಿಯೂ ಒಳಗೆ ಬಂದ ಲೈಸೆನ್ಸ್‌ದಾರನಿಗೆ 200 ಡಾಲರ್‌ವರೆಗೆ ದಂಡ. ಬಾಯಲ್ಲಿ ಹೇಳಿದ ಮೇಲೂ ಹೋಗದಿದ್ದರೆ ದೊಡ್ಡ ಕೇಸು.

ಆದರೆ ಹಾಲ್ ಯಾರದು ಎಂಬುದನ್ನು ಮೊದಲು ನೋಡಿ. ನಗರಸಭೆಯದಾದರೆ ವಿಷಯ ಕಗ್ಗಂಟು. ಸರ್ಕಾರಿ ಜಾಗದಲ್ಲಿ ಲೈಸೆನ್ಸ್‌ದಾರರನ್ನು ಬೋರ್ಡ್ ಹಾಕಿ ತಡೆಯುವುದಕ್ಕೆ ಮಿತಿಗಳಿವೆ. ಡಾಲಸ್‌ನ ಸ್ಟೇಟ್ ಫೇರ್ ನಡೆಯುವ ಫೇರ್ ಪಾರ್ಕ್ ನಗರದ ಆಸ್ತಿ, ನಡೆಸುವವರು ಖಾಸಗಿ ಸಂಸ್ಥೆ. 2023ರ ಜಾತ್ರೆಯಲ್ಲಿ ಗುಂಡು ಹಾರಿ ಮೂವರಿಗೆ ಗಾಯವಾಯಿತು. 2024ರಲ್ಲಿ ಅವರು ಲೈಸೆನ್ಸ್ ಇದ್ದವರಿಗೂ ಬೇಡ ಎಂದಾಗ ರಾಜ್ಯದ ಅಟಾರ್ನಿ ಜನರಲ್ ಕೆನ್ ಪ್ಯಾಕ್ಸ್‌ಟನ್ ಕೋರ್ಟಿಗೆ ಹೋದರು. ಜಾತ್ರೆಯ ಹಿಂದಿನ ದಿನ ಟೆಕ್ಸಾಸ್ ಸುಪ್ರೀಂ ಕೋರ್ಟ್ ಆ ನಿಷೇಧಕ್ಕೆ ತಡೆ ಕೊಡಲು ಒಪ್ಪಲಿಲ್ಲ. ಅಷ್ಟು ದೊಡ್ಡವರಿಗೇ ಅಷ್ಟು ಓಡಾಟ. ನಮ್ಮ ಸಂಘಕ್ಕೆ ಸುಲಭದ ದಾರಿ ಖಾಸಗಿ ಹಾಲ್ ಹಿಡಿದು, ಮಾಲೀಕರ ಒಪ್ಪಿಗೆಯನ್ನು ಬರಹದಲ್ಲಿ ಪಡೆಯುವುದು.

---

ಡಾಲಸ್ ಮೈಸೂರಿಗ:

ಎಲ್ಲರಿಗೂ ತುಂಬ ಧನ್ಯವಾದ. ಎರಡು ವಾರ ಆಯ್ತು, ಏನಾಯ್ತು ಅಂತ ಹೇಳಬೇಕು.

ಗಣೇಶನ ಹಬ್ಬದ ಹಾಲ್ ನಗರಸಭೆಯದ್ದೇ ಆಗಿತ್ತು. ರಾಜ್ಯೋತ್ಸವಕ್ಕೆ ಖಾಸಗಿ ಹಾಲ್ ಹಿಡಿದ್ವಿ. ಮೂರೂ ಬೋರ್ಡ್ ಮಾಡಿಸಿದ್ವಿ. ಅಂಗಡಿಯವನು ಮೊದಲ ಸಲ ಸ್ಪ್ಯಾನಿಷ್ ಸಾಲಿನ ಅಕ್ಷರ ಚಿಕ್ಕದು ಮಾಡಿದ್ದ. ಮಗಳ ಸ್ಕೂಲ್ ಸ್ಕೇಲ್ ಇಟ್ಟು ಅಳೆದೆ, ಮುಕ್ಕಾಲು ಇಂಚು. ವಾಪಸ್ ಕೊಟ್ಟು ಮತ್ತೆ ಮಾಡಿಸಿದೆ.

ಬೋರ್ಡ್‌ಗೆ ಮೊದಲು ನಾನು ಅವರ ಮನೆಗೆ ಹೋಗಿದ್ದೆ, ಹೋಲ್‌ಸ್ಟರ್ ಕಟ್ಟಿಕೊಂಡು ಬಂದಿದ್ದವರ ಮನೆಗೆ. ಫೋನಲ್ಲಿ ಹೇಳೋದು ಸರಿ ಕಾಣಲಿಲ್ಲ. ಕಾಫಿ ಕೊಟ್ಟರು. ಅವರ ಪೆಟ್ರೋಲ್ ಬಂಕ್‌ನಲ್ಲಿ ಎರಡು ವರ್ಷದ ಹಿಂದೆ ಕೆಲಸದ ಹುಡುಗನ ಮೇಲೆ ಹಲ್ಲೆ ಆಗಿತ್ತಂತೆ, ಆವತ್ತಿನಿಂದ ಬಿಚ್ಚಿಟ್ಟೇ ಇಲ್ಲ ಅಂದ್ರು. "ಮಗು ನೋಡ್ತಾ?" ಅಂತ ಕೇಳಿದ್ರು. ನೋಡ್ತು ಅಂದೆ. ಸುಮಾರು ಹೊತ್ತು ಮಾತಾಡಲಿಲ್ಲ. ಆಮೇಲೆ, ಕ್ಲಾಸ್ ಎಲ್ಲಿ ಮಾಡ್ತಾರೆ ಅಂತ ಅವರೇ ಕೇಳಿದ್ರು. ಅವರಿಗೆ ಲೈಸೆನ್ಸ್ ಇರಲಿಲ್ಲ. ಶಾಲೆಯ ಸಾವಿರ ಅಡಿಯ ವಿಷಯವೂ ಗೊತ್ತಿರಲಿಲ್ಲ, ಅವರ ಬಂಕ್ ಎದುರಿಗೇ ಎಲಿಮೆಂಟರಿ ಶಾಲೆ ಇದೆ.

ಹೊರಡೋವಾಗ ಮಂಗಳೂರು ಅಮ್ಮನವರ ಪ್ರಶ್ನೆ ನಾನೂ ಕೇಳಿದೆ, ಅವರ ಮಗಳೂ ನನ್ನ ಮಗಳೂ ಒಂದೇ ಭರತನಾಟ್ಯ ಕ್ಲಾಸ್. ಬೀರು ಒಳಗಿನ ಉಕ್ಕಿನ ಪೆಟ್ಟಿಗೆ ತೋರಿಸಿ, ಬೀಗ ಎಳೆದು ತೋರಿಸಿದ್ರು. ಶನಿವಾರ ಮಗಳನ್ನ ಅಲ್ಲಿ ಬಿಟ್ಟು ಬಂದೆ.

---

ಐದನೇ ವರ್ಷದ ಎಚ್‌1ಬಿ:

ಲಾಯರ್ ಹತ್ತಿರ ಮಾತಾಡಿದೆ ಅಕ್ಕಾ. ಇಲ್ಲಿ ಬರೆಯಲ್ಲ. ನಮ್ಮ ಮನೆಯ ಉಳಿದ ಇಬ್ಬರು ಎಫ್‌1 ಹುಡುಗರಿಗೆ ಈ ಪುಟ ಓದಿಸಿದೆ.